ವ್ಯಾಕರಣ ಮುಗಿಯಲಿ ಅಂತ ಕಾಯಬೇಡಿ

ಮೂರು ತಿಂಗಳಷ್ಟೇ ಸ್ಪ್ಯಾನಿಷ್ ಕಲಿತವರಿಗೆ ಕಿರು ಕಾದಂಬರಿ ಓದಿಸಬಹುದಾ, ಭೂತಕಾಲದ ಪಾಠ ಮುಗಿಯುವವರೆಗೆ ಕಾಯಬೇಕಾ ಅಂತ ಕೇಳಿದ್ದೀರಿ. ಈಗಲೇ ಶುರು ಮಾಡಿ. ಆದರೆ ಕಲಿಯುವವರಿಗೆಂದೇ ಬರೆದ ಪುಸ್ತಕವೇ ಇರಲಿ. ತೆಳ್ಳಗಿದೆ ಅಂತ ಮೂಲ ಸಾಹಿತ್ಯ ಕೊಟ್ಟರೆ ಎರಡನೇ ಪುಟಕ್ಕೇ ಕೈಬಿಡುತ್ತಾರೆ. ಒಂದು ಪುಟ ತೆರೆದು ಎಣಿಸಿ ನೋಡಿ: 100 ಪದಗಳಲ್ಲಿ ಗೊತ್ತಿಲ್ಲದ್ದು ಎರಡೋ ಮೂರೋ ಇದ್ದರೆ ಸರಿ. ಹತ್ತಿದ್ದರೆ ಅದು ಓದಲ್ಲ, ನಿಘಂಟು ತಿರುವುವ ಕೆಲಸ.

'ಲೆ ಗುಸ್ತಾ' ಬಂದಾಗ ಇಂಗ್ಲಿಷ್ ಮೂಲಕ ವಿವರಿಸಲು ಹೋಗಬೇಡಿ, ಸುಮ್ನೆ ಗೊಂದಲ. ನಮ್ಮ 'ಅವಳಿಗೆ ಇಷ್ಟ' ಇದೆಯಲ್ಲ, ಅದೇ ಜೋಡಣೆ! ಕನ್ನಡದವರಿಗೆ ಇದು ಪುಕ್ಕಟೆ ಲಾಭ.

ಭೂತಕಾಲವೂ ಅಷ್ಟೇ. ಕಥೆಯಲ್ಲಿ ಅವಳು ಮಲಗಿದ್ದಳು, 'ದೊರ್ಮಿಯಾ'. ಅಷ್ಟರಲ್ಲಿ ಫೋನ್ ಬಡಿದುಕೊಂಡಿತು, 'ಸೊನೊ'. ಒಂದು ನಡೆಯುತ್ತಿದ್ದದ್ದು, ಇನ್ನೊಂದು ನಡುವೆ ಬಂದು ಮುಗಿದದ್ದು. ಇಂಥದ್ದು ಹತ್ತು ಸಲ ಕಂಡ ಮೇಲೆ ನಿಯಮ ಹೇಳಿ, ತಟ್ಟನೆ ಹಿಡಿಯುತ್ತಾರೆ.

ಮೊದಲ ಅಧ್ಯಾಯ ನೀವೇ ಜೋರಾಗಿ ಓದಿ. ಪ್ರತಿ ಅಧ್ಯಾಯಕ್ಕೂ ಪರೀಕ್ಷೆ ಮಾತ್ರ ಇಡಬೇಡಿ. ನಾನು ಇಟ್ಟಿದ್ದೆ. ಕಥೆ ಬಿಟ್ಟು ಬರೀ ಉತ್ತರ ಹುಡುಕತೊಡಗಿದರು.