ಡೆಂಟಿಸ್ಟ್ ಆಗಿ ಬಾಯಿ ಆರೋಗ್ಯದ ಬಗ್ಗೆ ಡಾಕ್ಯುಮೆಂಟರಿ ಮಾಡ್ಬೇಕು ಅಂತಿದೀನಿ, ಯಾವ ಕ್ಯಾಮೆರಾ, ಎಷ್ಟು ಬಜೆಟ್ ಬೇಕಾಗತ್ತೆ?

ಫೋನ್ ಸಾಕು, ಮೈಕ್ ಮಾತ್ರ ಒಳ್ಳೇದು ತಗೊಳ್ಳಿ. ನಾನೂ ಮೊದ್ಲು ತಲೆ ಕೆಡಿಸ್ಕೊಂಡಿದ್ದು ಕ್ಯಾಮೆರಾಗೇನೇ, ಡ್ರೋನ್ ಬಾಡಿಗೆಗೆ ತಂದು ತೋಟದ ಮೇಲೆಲ್ಲಾ ಹಾರಿಸಿದ್ದೆ, ಬಾಯಿ ಬಗ್ಗೆ ಫಿಲಂಗೆ ಅದ್ಯಾಕೆ ಬೇಕಿತ್ತೋ ದೇವ್ರಿಗೇ ಗೊತ್ತು.

ನಂದು ಸಾಗರದ ಕಡೆ. ಫಿಲಂ ಗುಟ್ಕಾ, ಬಾಯಿ ಕ್ಯಾನ್ಸರ್ ಬಗ್ಗೆ. ಹೈಸ್ಕೂಲು, ಸೊಸೈಟಿ ಹಾಲ್ ಎಲ್ಲಾ ಕಡೆ ಹಾಕಿದ್ವಿ, ಚಪ್ಪಾಳೆನೂ ಬಿತ್ತು. ಆಮೇಲೊಂದಿನ ಒಬ್ಬ ಹುಡುಗ ಕ್ಲಿನಿಕ್ಕಿಗೆ ಬಂದು "ಸರ್, ನಿಮ್ ಪಿಚ್ಚರ್ ನೋಡಿ ತಂಬಾಕು ಬಿಟ್ಟೆ, ಈಗ ಬರೀ ಪಾನ್ ಮಸಾಲ" ಅಂದ, ಹೆಮ್ಮೆಯಿಂದ. 2013ರಲ್ಲಿ ನಮ್ಮಲ್ಲಿ ಗುಟ್ಕಾ ಬ್ಯಾನ್ ಆದ್ಮೇಲೆ ಅಂಗಡೀಲಿ ಮಸಾಲ ಒಂದು ಪ್ಯಾಕೆಟ್, ತಂಬಾಕು ಇನ್ನೊಂದು ಪ್ಯಾಕೆಟ್ ಅಂತ ಕೊಡ್ತಾರಲ್ಲ, ಇವ್ನು ಎರಡ್ನೇದು ಬಿಟ್ಟಿದ್ದ ಅಷ್ಟೆ, ಅಡಿಕೆ ಇರೋ ಮಸಾಲ ಹಾಗೇ ನಡೀತಿತ್ತು. ಬಾಯಿ ತೆಗಿಯಪ್ಪ ಅಂದ್ರೆ ಎರಡು ಬೆರಳೂ ಒಳಗೆ ಹೋಗ್ಲಿಲ್ಲ. ಕೆನ್ನೆ ಒಳಗೆಲ್ಲಾ ಬಿಳಿಚ್ಕೊಂಡು, ಒತ್ತಿದ್ರೆ ಹಗ್ಗದ ತರ ಪಟ್ಟಿ ಸಿಗ್ತಿತ್ತು. ಸಾರು ಉರಿಯತ್ತೆ ಅಂತ ಮಜ್ಜಿಗೆ ಅನ್ನ ಮಾತ್ರ ಉಣ್ತಿದ್ನಂತೆ.

ತಪ್ಪು ನಂದೇ. ಇಡೀ ಫಿಲಂನಲ್ಲಿ ವಿಲನ್ ತಂಬಾಕು ಒಂದೇ. ಈ ಬಾಯಿ ಬಿಗಿಯೋ ಕಾಯಿಲೆ ಇದ್ಯಲ್ಲ, ನಾವು ಓಎಸ್‌ಎಂಎಫ್ ಅಂತೀವಿ, ಅದಕ್ಕೆ ಮುಖ್ಯ ಕಾರಣ ಅಡಿಕೆ, ತಂಬಾಕು ಸೇರಿದ್ರೂ ಅಷ್ಟೆ ಸೇರದಿದ್ರೂ ಅಷ್ಟೆ. ಅಡಿಕೆಯಲ್ಲಿರೋ ಅರೆಕೊಲಿನ್ ಅನ್ನೋ ಅಂಶ ಕೆನ್ನೆ ಒಳಗಿನ ಪದರದಲ್ಲಿ ಕೊಲಾಜನ್ ಅನ್ನೋ ನಾರು ಜಾಸ್ತಿ ಮಾಡತ್ತೆ, ಅದು ಗಟ್ಟಿಯಾಗ್ತಾ ಬಾಯಿ ಮುಚ್ತಾ ಬರತ್ತೆ. ತಂಬಾಕಿಲ್ಲದ ಅಡಿಕೆಯಿಂದ್ಲೂ ಕ್ಯಾನ್ಸರ್ ಬರತ್ತೆ ಅಂತ ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ಸಂಶೋಧನಾ ವಿಭಾಗ 2004ರಲ್ಲೇ ಹೇಳಿದೆ. ಇದೆಲ್ಲಾ ಓದಿಯೇ ಪಾಸಾದೋನು ನಾನು. ಆದ್ರೆ ಅಪ್ಪ ನನ್ನ ಬಿಡಿಎಸ್ ಫೀಸು ಕಟ್ಟಿದ್ದೇ ಅಡಿಕೆ ದುಡ್ಡಲ್ಲಿ, ಹಾಲ್‌ನಲ್ಲಿ ಮುಂದಿನ ಸಾಲಲ್ಲಿ ಕೂರೋರೂ ತೋಟದವ್ರೇ, ಹಾಗಾಗಿ ಸ್ಕ್ರಿಪ್ಟಲ್ಲಿದ್ದ ಅಡಿಕೆ ಮಾತನ್ನ ಎಡಿಟಿಂಗಲ್ಲಿ ತೆಗೆಸ್ಬಿಟ್ಟೆ. ಡ್ರೋನ್ ಶಾಟ್ ಮಾತ್ರ ಉಳಿಸ್ಕೊಂಡೆ ನೋಡಿ! ಆಮೇಲೆ ಅಡಿಕೆ ಸೇರ್ಸಿ ಹೊಸದಾಗಿ ಮಾಡಿದ್ದಕ್ಕೆ ದೊಡ್ಡಪ್ಪನೇ ಎಲ್ಲರೆದುರು "ಎಂತಾ ಮಾಣಿ, ನಮ್ಮ ಹೊಟ್ಟೆ ಮೇಲೇ ಹೊಡಿತ್ಯಾ" ಅಂದ್ರು.

ನನ್ ಕೇಳಿದ್ರೆ ದೊಡ್ಡ ಡಾಕ್ಯುಮೆಂಟರಿನೇ ಬೇಡ. ಎಂಟ್ಹತ್ತು ನಿಮಿಷ ತೋರ್ಸಿ, ಲೈಟ್ ಹಾಕ್ಸಿ, "ಎಲ್ರೂ ನಿಮ್ ಮೂರು ಬೆರಳು ಒಂದರ ಮೇಲೊಂದು ಬರೋ ಹಾಗೆ ನಿಲ್ಸಿ ಬಾಯಿಗಿಡಿ" ಅನ್ನಿ. ಬೆರಳು ಒಳಗೆ ಹೋಗ್ದೇ ಇದ್ದೋರು ತಾವಾಗೇ ಬರ್ತಾರೆ, ಟಾರ್ಚು, ಮೌತ್ ಮಿರರ್ ರೆಡಿ ಇಟ್ಕೊಳ್ಳಿ. ಬಿಗಿದಿದ್ದು ಪೂರ್ತಿ ವಾಪಸ್ ಬರಲ್ಲ, ಅಡಿಕೆ ಬೇಗ ಬಿಟ್ರೆ ಅಲ್ಲಿಗಾದ್ರೂ ನಿಲ್ಲೋ ಚಾನ್ಸ್ ಇರತ್ತೆ. ಮತ್ತೆ ಪೇಶೆಂಟ್ ಮುಖ ತೋರ್ಸೋದಾದ್ರೆ ಒಪ್ಪಿಗೆ ಬರೆಸ್ಕೊಳ್ಳಿ, ಫೈನಲ್ ಕಟ್ ಮೊದ್ಲು ಅವ್ರಿಗೇ ತೋರ್ಸಿ. ಹೆಣ್ಣು ಕೊಡೋರ ಮನೆ ವಾಟ್ಸಾಪಿಗೆ ಆ ವಿಡಿಯೋ ಹೋದ್ರೆ ಏನಾಗತ್ತೆ ಅಂತ ನಿಮಗೆ ಬಿಡಿಸಿ ಹೇಳ್ಬೇಕಾ.