ಹುಡುಗರನ್ನು ಆಟಕ್ಕೆ ಬಿಟ್ಟ ತರಗತಿ

ಹೊಸನಗರ ತಾಲ್ಲೂಕಿನ ಅಡಿಕೆ ಬೆಳೆಗಾರರೊಬ್ಬರು ಒಂಬತ್ತನೇ ತರಗತಿಯ ಮಗನನ್ನು ನನ್ನ ಬಳಿ ಕರೆತಂದಿದ್ದರು. ಊಟ ಸೇರುತ್ತಿಲ್ಲ, ಓದು ಹಿಂದೆ ಬಿದ್ದಿದೆ, ಯಾರ ಜೊತೆಗೂ ಮಾತಿಲ್ಲ. (ಗುರುತು ಸಿಗದಂತೆ ಕೆಲವು ವಿವರ ಬದಲಿಸಿದ್ದೇನೆ.)

ಅಪ್ಪನನ್ನು ಹೊರಗೆ ಕೂರಿಸಿದ ಮೇಲೂ ಹುಡುಗ ಬಾಯಿಬಿಡಲು ಬಹಳ ಹೊತ್ತು ಹಿಡಿಯಿತು. ನಿದ್ದೆಯಲ್ಲಿ ವೀರ್ಯ ಹೋಗುತ್ತಿದೆ, ಒಂದು ಹನಿಗೆ ನಲವತ್ತು ಹನಿ ರಕ್ತ ಬೇಕಂತೆ, ತಾನು ಹೆಚ್ಚು ದಿನ ಉಳಿಯುವುದಿಲ್ಲ ಎಂದು ಅತ್ತ. ಗೋಡೆಯ ಮೇಲಿನ ಗುಪ್ತರೋಗದ ಜಾಹೀರಾತು ನೋಡಿ ಗುಟ್ಟಾಗಿ ಲೇಹ್ಯವನ್ನೂ ತರಿಸಿದ್ದ.

ಶಾಲೆಯಲ್ಲಿ ಯಾರೂ ಹೇಳಲಿಲ್ಲವೇ ಎಂದು ಕೇಳಿದೆ. "ಆಸ್ಪತ್ರೆಯವರು ಬಂದಿದ್ದರು ಮೇಡಂ. ಹುಡುಗಿಯರನ್ನು ಕೂರಿಸಿಕೊಂಡು ನಮ್ಮನ್ನು ಆಟಕ್ಕೆ ಬಿಟ್ಟರು."

ಅವನ ಅಪ್ಪನ ಕಾಲದಲ್ಲಿ ಸಂತಾನೋತ್ಪತ್ತಿಯ ಪಾಠ ಬಂದರೆ ಮೇಷ್ಟರು "ಈ ಪಾಠ ಮನೆಯಲ್ಲಿ ಓದಿಕೊಳ್ಳಿ" ಎಂದು ಪುಟ ತಿರುಗಿಸುತ್ತಿದ್ದರಂತೆ. 2005ರಲ್ಲಿ ಕೇಂದ್ರ ಸರ್ಕಾರ ಶಾಲೆಗಳಲ್ಲಿ ಲೈಂಗಿಕ ತಿಳಿವಳಿಕೆಯನ್ನೂ ಕೊಡುವ ಹದಿಹರೆಯದ ಶಿಕ್ಷಣ ಕಾರ್ಯಕ್ರಮ ತಂದಾಗ, ಎರಡೇ ವರ್ಷದಲ್ಲಿ ಕರ್ನಾಟಕವೂ ಸೇರಿ ಹಲವು ರಾಜ್ಯಗಳು ಅದನ್ನು ತಡೆದವು. ಆಮೇಲೆ 2013-14ರಲ್ಲಿ ಹುಡುಗಿಯರಿಗೆ ಉಚಿತ ಪ್ಯಾಡ್ ಕೊಡುವ ರಾಜ್ಯ ಸರ್ಕಾರದ ಶುಚಿ ಯೋಜನೆ ಬಂತು. ಪ್ಯಾಡ್ ಜೊತೆಗೆ ಮುಟ್ಟಿನ ಮಾತೂ ಶಾಲೆಯೊಳಗೆ ಬಂತು. ಮಲೆನಾಡಿನಲ್ಲಿ ಮೂರು ದಿನ ಹೊರಗೆ ಕೂರುತ್ತಿದ್ದವರ ಮೊಮ್ಮಕ್ಕಳು ಇಂದು ನನ್ನೆದುರು ಅಳುಕಿಲ್ಲದೆ ಮುಟ್ಟಿನ ಹೊಟ್ಟೆನೋವಿನ ಬಗ್ಗೆ ಕೇಳುತ್ತಾರೆ. ನನಗೆ ಅದು ದೊಡ್ಡ ಸಂತೋಷ. ಆದರೆ ಅದೇ ಶಾಲೆಯ ಹುಡುಗರಿಗೆ ಪಾಠ ಹೇಳುತ್ತಿರುವುದು ಗೋಡೆಯ ಜಾಹೀರಾತು ಮತ್ತು ಮೊಬೈಲ್. ಇದು ನನ್ನನ್ನು ಕಾಡುತ್ತದೆ.

ಹುಡುಗನಿಗೆ ಹೇಳಿದ್ದು: ಇದು ರೋಗವಲ್ಲ. ವೀರ್ಯ ರಕ್ತದಿಂದ ಇಳಿಯುವುದಿಲ್ಲ. ಈ ವಯಸ್ಸಿನಿಂದ ದೇಹ ಅದನ್ನು ತಯಾರಿಸುತ್ತಲೇ ಇರುತ್ತದೆ, ನಿದ್ದೆಯಲ್ಲಿ ಹೊರಹೋಗುವುದು ಸಹಜ. ನಿನ್ನ ಸುಸ್ತಿಗೆ ಕಾರಣ ಊಟ ಬಿಟ್ಟಿದ್ದು, ಹೆದರಿಕೆಯಲ್ಲಿ ನಿದ್ದೆಗೆಟ್ಟಿದ್ದು. ಲೇಹ್ಯ ಇಂದೇ ನಿಲ್ಲಿಸು. ಉರಿಮೂತ್ರ, ನೋವು, ರಕ್ತ ಕಂಡರೆ ಮಾತ್ರ ವೈದ್ಯರಿಗೆ ತೋರಿಸಬೇಕು. ಸರ್ಕಾರಿ ಆಸ್ಪತ್ರೆಯ ಸ್ನೇಹ ಕ್ಲಿನಿಕ್ ಇರುವುದೇ ನಿನ್ನ ವಯಸ್ಸಿನವರಿಗೆ, ಹುಡುಗರಿಗೂ ಸೇರಿ.

ಅವನ ಒಪ್ಪಿಗೆ ಪಡೆದು ಅಪ್ಪನಿಗೂ ವಿಷಯ ತಿಳಿಸಿದೆ. ಬೈಯಬೇಡಿ, ಲೇಹ್ಯದ ದುಡ್ಡಿನ ಲೆಕ್ಕ ಕೇಳಬೇಡಿ. ತೋಟಕ್ಕೆ ಹೋಗುವಾಗ ಜೊತೆಗೆ ಕರೆದುಕೊಂಡು ಹೋಗಿ, ನಿಮಗೂ ಆ ವಯಸ್ಸಿನಲ್ಲಿ ಹೀಗೇ ಆಗಿತ್ತು ಎಂದು ಒಂದು ಮಾತು ಹೇಳಿ ಎಂದೆ. ಮುಖ್ಯೋಪಾಧ್ಯಾಯರಿಗೆ, ಹುಡುಗನ ಸುದ್ದಿ ಎತ್ತದೆ, ಮುಂದಿನ ಆರೋಗ್ಯ ತರಗತಿಗೆ ಹುಡುಗರನ್ನೂ ಕೂರಿಸಲು, ಅವರ ಪ್ರಶ್ನೆಗಳಿಗೆ ಪುರುಷ ಆರೋಗ್ಯ ಕಾರ್ಯಕರ್ತರೊಬ್ಬರನ್ನು ಕರೆಸಲು ಪತ್ರ ಬರೆದಿದ್ದೇನೆ.