ತಾತನಲ್ಲ, ದಾಯಾದಿ

ಮಂಡ್ಯದ ನಿವೃತ್ತ ಶಿಕ್ಷಕರೊಬ್ಬರು ಬರೆದಿದ್ದಾರೆ: ‘ಮಾನವನ ಪೂರ್ವಜ ರಾಮಾಪಿಥೆಕಸ್ ಎಂಬ ಪ್ರಾಚೀನ ವಾನರ ಎಂದು ವರ್ಷಗಟ್ಟಲೆ ಮಕ್ಕಳಿಗೆ ಬರೆಸಿದೆ. ಅದು ಒರಾಂಗುಟಾನ್ ಕಡೆಯದು ಎಂದು ಈಗ ಮೊಮ್ಮಗಳು ನಗುತ್ತಾಳೆ. ದಿನಕ್ಕೊಂದು ಮಾತಾಡುವ ವಿಜ್ಞಾನವನ್ನು ನಂಬುವುದು ಹೇಗೆ?’

ಮೇಷ್ಟ್ರೇ, ನಿಮ್ಮ ಬೇಸರದಲ್ಲಿ ನ್ಯಾಯವಿದೆ. ನಾಲ್ಕು ಹಲ್ಲು, ಮುರುಕು ದವಡೆ ಹಿಡಿದು ವಂಶಾವಳಿ ಬರೆಯಬಾರದಿತ್ತು. ನಿಮ್ಮ ಪರವಾದ ವಕಾಲತ್ತು ಇಲ್ಲಿಗೆ ಮುಗಿಯಿತು.

1932ರಲ್ಲಿ ಹಿಮಾಚಲದ ಹರಿತಲ್ಯಾಂಗರ್ ಬಳಿ ಯೇಲ್ ವಿಶ್ವವಿದ್ಯಾಲಯದ ಲೂಯಿಸ್‌ಗೆ ಸಿಕ್ಕಿ, ರಾಮಾಪಿಥೆಕಸ್ ಎಂದು ಹೆಸರಾದದ್ದು ಮೇಲ್ದವಡೆಯ ಚೂರು. ಬಾಯಿಯ ನಡುಭಾಗವೇ ಇರಲಿಲ್ಲ. ಇಲ್ಲದ್ದನ್ನು ಊಹಿಸಿ 1960ರ ದಶಕದಲ್ಲಿ ಪಳೆಯುಳಿಕೆ ತಜ್ಞರಾದ ಸೈಮನ್ಸ್ ಮತ್ತು ಪಿಲ್‌ಬೀಮ್ ಅದಕ್ಕೆ ನಮ್ಮ ದವಡೆಯ ಕಮಾನು ಕಟ್ಟಿದರು. ಸುಮಾರು 1.4 ಕೋಟಿ ವರ್ಷ ಹಿಂದಿನ ತಾತ ಸಿದ್ಧನಾದ. 1967ರಲ್ಲಿ ಸ್ಯಾರಿಚ್ ಮತ್ತು ವಿಲ್ಸನ್ ಎಂಬ ವಿಜ್ಞಾನಿಗಳು ರಕ್ತದ ಪ್ರೋಟೀನ್ ಹೋಲಿಸಿ, ಮನುಷ್ಯ ಮತ್ತು ಆಫ್ರಿಕಾದ ವಾನರರು ಕವಲೊಡೆದು ಸುಮಾರು 50 ಲಕ್ಷ ವರ್ಷವಷ್ಟೇ ಆಗಿದೆ ಎಂದರು. ಹಾಗಿದ್ದರೆ ಅಷ್ಟು ಹಳೆಯ ರಾಮಾಪಿಥೆಕಸ್ ಮನುಷ್ಯನ ಕವಲಿಗೆ ಸೇರಲಾರದು. ಪಳೆಯುಳಿಕೆ ನೆಚ್ಚಿದ ಮೂಳೆಯವರು ಮೂಗು ಮುರಿದರು. ಕೊನೆಗೆ ಪಾಕಿಸ್ತಾನದ ಪೊಟ್ವಾರ್‌ನಲ್ಲಿ ಶಿವಾಪಿಥೆಕಸ್ ಎಂಬ ಪ್ರಾಚೀನ ವಾನರನ ಮುಖವೇ ಸಿಕ್ಕಿತು: ಒಳಕ್ಕೆ ಬಾಗಿದ ಮುಖ, ನೀಳವಾದ ಕಣ್ಣಿನ ಗುಳಿಗಳು, ಅವುಗಳ ನಡುವೆ ಕಿರಿದಾದ ಅಂತರ. ಒರಾಂಗುಟಾನೇ ಸರಿ. ರಾಮಾಪಿಥೆಕಸ್ ಎಂದು ಪ್ರತ್ಯೇಕ ಒಕ್ಕಲು ಮಾಡಿದ್ದು ಅದೇ ಶಿವಾಪಿಥೆಕಸ್ ಕುಲದ ಮೂಳೆಗಳನ್ನು. 1982ರಲ್ಲಿ ಆ ಮುಖವನ್ನು ಲೋಕಕ್ಕೆ ತೋರಿಸಿದವರು ಯಾರು ಬಲ್ಲಿರಾ? ಅದೇ ಪಿಲ್‌ಬೀಮ್! ತಾನು ಕಟ್ಟಿದ ಮನೆಯನ್ನು ತಾನೇ ಕೆಡವಿದ ಆ ಮನುಷ್ಯನಿಗೆ ನಾನು ಕೂತಲ್ಲಿಂದಲೇ ಕೈಮುಗಿಯುತ್ತೇನೆ.

ನಮ್ಮಲ್ಲಿ? ಈ ಸುದ್ದಿಯನ್ನು ಮೈಸೂರಿನ ಗ್ರಂಥಾಲಯದಲ್ಲಿ ಓದಿ, ಪರೀಕ್ಷೆಯಲ್ಲಿ ಹುರುಪಿನಿಂದ ಬರೆದಿದ್ದೆ. ಉಪನ್ಯಾಸಕರು ಕೆಂಪು ಶಾಯಿಯಲ್ಲಿ ಅಡ್ಡಗೆರೆ ಎಳೆದು, ‘ಪುಸ್ತಕದಲ್ಲಿರುವುದನ್ನು ಬರೆ’ ಎಂದರು. ಎರಡು ಅಂಕ ಹೋಯಿತು, ಇನ್ನೂ ಮರೆತಿಲ್ಲ. ಪಹಣಿಯಲ್ಲಿ ನಮ್ಮ ತಾತನ ಹೆಸರು ಒಂದಕ್ಷರ ತಪ್ಪಿತ್ತು. ತಿದ್ದಿಸಲು ಮೂರು ವರ್ಷ ಅಲೆದೆ. ‘ಬರೆದದ್ದನ್ನು ಬದಲಾಯಿಸಿದರೆ ನಮ್ಮ ತಲೆಗೆ ಬರುತ್ತದೆ ಸ್ವಾಮಿ’ ಎಂದ ಗುಮಾಸ್ತ. ಒಂದೂವರೆ ಕೋಟಿ ವರ್ಷದ ತಾತನನ್ನು ವಿಜ್ಞಾನಿಗಳು ತಿದ್ದಿಕೊಂಡರು. ನನ್ನ ತಾತ ಈಗಲೂ ಆ ಕಡತದಲ್ಲಿ ‘ಚಿಕ್ಕಣ್ಣ’ನ ಬದಲು ‘ಚಿಕ್ಕಣ’. ತಿದ್ದುವ ತಾಪತ್ರಯವೇ ಬೇಡವೆಂದೋ ಏನೋ, ಎನ್‌ಸಿಇಆರ್‌ಟಿಯ ಹತ್ತನೇ ತರಗತಿ ಪುಸ್ತಕದಿಂದ ವಿಕಾಸವಾದವನ್ನೇ ತೆಗೆದರು.

ನಿಮ್ಮ ಮೊಮ್ಮಗಳು ನಕ್ಕಳಲ್ಲ, ಆ ನಗು ನನಗೆ ಬಹಳ ಹಿಡಿಸಿತು. ಅವಳನ್ನು ಕರೆದುಕೊಂಡು ಮೈಸೂರಿನ ಮೃಗಾಲಯಕ್ಕೆ ಬನ್ನಿ. ಒರಾಂಗುಟಾನ್ ಮುಂದೆ ನಿಂತು, ಅದು ಪಕ್ಕಕ್ಕೆ ತಿರುಗಿದಾಗ ಮುಖದ ತಗ್ಗನ್ನು ಅವಳಿಗೆ ತೋರಿಸಿ. ಮಂಗಳವಾರ ಮಾತ್ರ ಬರಬೇಡಿ, ಅಂದು ರಜೆ.

— ಸಂ.